ಅರ್ಥದ ಸಾಲು

ಬಂದರಿನ ಅಡ್ಡರಸ್ತೆಯ ಈ ಪ್ರೆಸ್ಸಿನಲ್ಲಿ
ಮದುವೆ, ಬೊಜ್ಜ, ಗೃಹಪ್ರವೇಶ, ನಾಮಕರಣ
ಎಲ್ಲದಕ್ಕೂ ಕರಡು ನೋಡುವವಳು ನಾನು.
ಈಗೀಗ ನಾಮಕರಣದ ಕಾರ್ಡಿಗೆ ಒಂದು ಸಾಲು ಹೆಚ್ಚು:
ಹೆಸರಿನ ಕೆಳಗೆ, ಸಣ್ಣಕ್ಷರದಲ್ಲಿ, ಅರ್ಥ.

ಆ ಸಾಲಿಗೆ ದುಡ್ಡಿಲ್ಲ. ತಪ್ಪಿದರೆ ಬೈಗುಳ ನನಗೆ.
ಅದಕ್ಕೇ ರಟ್ಟು ಹೋದ ನಿಘಂಟೊಂದು
ಗೋಂದಿನ ಡಬ್ಬಿಯ ಪಕ್ಕದಲ್ಲಿದೆ.
ಅಕಾರದ ಮೊದಲ ಹದಿನಾಲ್ಕು ಪುಟ ಗೆದ್ದಲಿಗೆ;
ಅಂಕಿತಾ, ಅಂಜಲಿ ಎಂದು ಬಂದವರನ್ನು
ನಂಬಿಕೆಯ ಮೇಲೆ ಕಳಿಸುತ್ತೇನೆ.

ಒಬ್ಬರು ಬಂದಿದ್ದರು: ರಿವಾನ್,
ಶಿವನ ಇನ್ನೊಂದು ಹೆಸರು ಎಂದು.
ಎದುರು ಅಂಗಡಿಯ ಭಟ್ಟರಿಂದ ಸಹಸ್ರನಾಮ ತರಿಸಿ
ಬೆರಳಿಟ್ಟು ಓದಿದೆ. ಇಲ್ಲ.
"ಸಾವಿರದ ಒಂದನೆಯದು ಇರಬಹುದು ಮೇಡಂ"
ಎಂದ ಅಪ್ಪ, ಒಂಚೂರೂ ನಗದೆ.

ನನ್ನ ಹೆಸರು ಸೆವ್ರಿನ್. ಲ್ಯಾಟಿನ್ ಮೂಲ; ಕಠೋರ ಎಂದರ್ಥ.
ದೊತೊರ್ನಿ ಕ್ಲಾಸಿನಲ್ಲಿ ಪಾದ್ರಿ ಹೇಳಿ ಎಲ್ಲರನ್ನೂ ನಗಿಸಿದ್ದರು.
ಆಗ ಅತ್ತಿದ್ದೆ.
ಆಮೇಲೆ ಇಪ್ಪತ್ತಾರು ವರ್ಷ ಕೆಂಪು ಪೆನ್ನು.
ಹೆಸರು ಮುಂದೆ ನಡೆಯಿತು, ನಾನು
ಚಪ್ಪಲಿ ಎಳೆಯುತ್ತ ಅದರ ಹಿಂದೆ.

ನಿನ್ನೆ ಬಂದವರು ಮೂವರು, ಬಜಾಲಿನಿಂದ:
ಗಂಡ, ಹೆಂಡತಿ, ಬೀಡಿ ಕಟ್ಟುವ ಅತ್ತೆ,
ಉಗುರಿನ ಸಂದಿಯಲ್ಲಿ ಹೊಗೆಸೊಪ್ಪಿನ ಹುಡಿ.
ಕಾರ್ಡು ನೂರೈವತ್ತು. ಹೆಸರು ಶನಾಯ.
ಅರ್ಥ: ಸೂರ್ಯನ ಮೊದಲ ಕಿರಣ.
ಮೂಲ: ಸಂಸ್ಕೃತ. ಅದನ್ನೂ ಹಾಕಬೇಕಂತೆ.

ಶಕಾರ ತೆಗೆದೆ. ಶನಕೈಃ ಇದೆ, ಮೆಲ್ಲಗೆ ಎಂದು.
ಶನಿ ಇದ್ದಾನೆ. ಕಿರಣ ಇಲ್ಲ.
"ಎಷ್ಟು ಗಂಟೆಗೆ ಹುಟ್ಟಿದ್ದು?" ಕೇಳಿದೆ,
ಬೆಳಗ್ಗೆ ಎಂದರೆ ಬಿಟ್ಟುಬಿಡುವ ಎಂದು.
"ಮಧ್ಯಾಹ್ನ ಎರಡೂ ಹತ್ತು," ಎಂದಳು ಬಾಣಂತಿ,
"ಡಾಕ್ಟ್ರು ಊಟಕ್ಕೆ ಹೋಗಿದ್ದರು."

ಅಲ್ಲಿವರೆಗೆ ಗೋಡೆಯ ಕ್ಯಾಲೆಂಡರ್ ನೋಡುತ್ತಿದ್ದ ಅತ್ತೆ
"ಸನಾಯ ಅಂದರೆ ತನಿಯಾರ ಅಲ್ವಾ ಬಾಯಮ್ಮ?
ಮಗು ಹುಟ್ಟಿದ್ದು ಶನಿವಾರವೇ.
ಹೆಸರು ಸರಿ ಉಂಟು" ಎಂದರು.
ಸೊಸೆ ಕಣ್ಣು ಮುಚ್ಚಿಕೊಂಡಳು.
ಮಗ: "ಅಮ್ಮ, ಅದೆಲ್ಲ ಈಗ ಇಲ್ಲ."

ಅವರ ಹೆಸರು ಅಂಗಾರು.
ಆ ಪುಟ ಗೆದ್ದಲು ತಿಂದಿದೆ; ನೆನಪಿನಿಂದ ಹೇಳುವುದಾದರೆ
ಅಂಗಾರ ಎಂದರೆ ಕೆಂಡ.
ಊರವರ ತುಟಿಯ ಕೆಂಡಕ್ಕೆ
ದಿನಕ್ಕೆ ಎಂಟುನೂರು ಎಲೆ ಸುತ್ತಿದ ಕೈ.
ಎಷ್ಟು ಚಂದ ಕೂಡುತ್ತದೆ ಎಂದು ನಾನು ಖುಷಿಪಡುವಷ್ಟರಲ್ಲಿ
"ಅಂಗಾರೆ ಅಂದರೆ ಮಂಗಳವಾರ ಬಾಯಮ್ಮ.
ಅಣ್ಣ ಐತ, ಐತಾರದ್ದು. ತಂಗಿ ತುಕ್ರು, ಶುಕ್ರವಾರದ್ದು.
ನಮ್ಮ ಅರ್ಥ ಕೇಳಲಿಕ್ಕೆ ಯಾರೂ ಪ್ರೆಸ್ಸಿಗೆ ಬರಲಿಲ್ಲ."

ಮುಂಗಡ ಕೊಡಲು ಪರ್ಸು ಬಿಚ್ಚಿದಾಗ
ನೋಟಿನ ಸಂಗಡ ಆಧಾರ್ ಜಾರಿ ಬಿತ್ತು.
ಒಂದು, ಆರು, ಐವತ್ತೇಳು.
ಶಾಲೆಯ ಮೇಷ್ಟ್ರು ಎಲ್ಲ ಮಕ್ಕಳಿಗೂ
ಉಪ್ಪಿಟ್ಟಿನ ಹಾಗೆ ಬಡಿಸುತ್ತಿದ್ದ ತಾರೀಕು.
ಚಟ ಬಿಡುವುದಿಲ್ಲ; ಫೋನಿನಲ್ಲಿ ತೆಗೆದು ನೋಡಿದೆ.
ಆ ದಿನ ಶನಿವಾರ.
ಸರಕಾರವನ್ನು ನಂಬಿದರೆ ಇವರು ತನಿಯಾರು ಆಗಬೇಕು.
ಹುಟ್ಟಿದ ದಿನದ ಬಗ್ಗೆ ಇವರ ಬಳಿ
ಸುಳ್ಳು ಹೇಳದ ದಾಖಲೆ ಒಂದೇ.
ಕರೆದರೆ ಓ ಎನ್ನುತ್ತದೆ.

"ಕಿರಣ ಹಾಗೇ ಇರಲಿ," ಎಂದ ಮಗ.
ಕರಡಿನ ಅಂಚಿನಲ್ಲಿ ನಾನು ಹಾಕಿದ ಪ್ರಶ್ನೆಚಿಹ್ನೆಯ ಮೇಲೆಯೇ
ಅವನ ಸಹಿ ಬಿತ್ತು.
ನೂರೈವತ್ತರಲ್ಲೂ ಕಿರಣ ಬರುತ್ತದೆ, ಬುಧವಾರ ಸಂಜೆ ರೆಡಿ.
"ಸಂಸ್ಕೃತ" ಮಾತ್ರ ಜಾಗ ಸಾಲದು ಎಂದು ತೆಗೆಸಿದೆ.
ಜಾಗ ಇತ್ತು.

ಮೆಟ್ಟಿಲಿಳಿಯುವ ಮೊದಲು ಅಂಗಾರಕ್ಕ ತಿರುಗಿದರು:
"ನಿಮ್ಮ ಹೆಸರಿಗೆ ಏನು ಅರ್ಥ?"
ಹೇಳಿದೆ.
ನನ್ನ ಮುಖ ನೋಡಿದರು, ಪೆನ್ನು ನೋಡಿದರು,
ಬಿಸಿಲಿಗೆಂದು ನಾನು ಬಾಣಂತಿಗೆ ಕೊಟ್ಟ
ಪ್ರೆಸ್ಸಿನ ಕೊಡೆ ನೋಡಿದರು.
"ಅಲ್ಲಲ್ಲ," ಎಂದರು,
"ಯಾರೋ ನಿಮಗೆ ತಪ್ಪು ಹೇಳಿದ್ದಾರೆ."